ಸಂಪಾದಕರ ಉತ್ತರ: ಟಿಕೆಟ್ಟಿನ ದರವೂ ನಿರ್ದೇಶಕನ ಕೆಲಸವೇ?

ಓದುಗರ ಪತ್ರ: “ಫ್ರೆಂಚ್ ರಂಗಭೂಮಿಯ ಕುರಿತ ನಿಮ್ಮ ಲೇಖನದಲ್ಲಿ ಝಾಂ ವಿಲಾರ್‌ನನ್ನು ಅಟ್ಟಕ್ಕೇರಿಸಿದ್ದೀರಿ. ನನಗೆ ಕಾಣುವಂತೆ ಅವನು ಒಳ್ಳೆಯ ನಟ. ಉತ್ಸವ, ಸರ್ಕಾರಿ ರಂಗಮಂದಿರ ಎಂದು ಓಡಾಡಿ ತನ್ನೊಳಗಿನ ನಟನನ್ನು ತಾನೇ ಕಳೆದುಕೊಂಡ. ಟಿಕೆಟ್ ಅಗ್ಗ ಮಾಡುವುದು, ಹೊತ್ತಿಗೆ ಸರಿಯಾಗಿ ಬಾಗಿಲು ಹಾಕಿಸುವುದು ವ್ಯವಸ್ಥಾಪಕನ ಕೆಲಸ. ಅದನ್ನು ನಿರ್ದೇಶನ ಎನ್ನಬಹುದೇ? ಅವನ ಅಭಿನಯವನ್ನು ಈಗ ನೋಡಲು ಏನಾದರೂ ಉಳಿದಿದೆಯೇ?” – ದಾವಣಗೆರೆಯ ಓದುಗರು

ನಮಸ್ಕಾರ. ಪತ್ರದಲ್ಲಿ ಕೋಪವಿದೆ, ಕೋಪಕ್ಕೆ ಕಾರಣವೂ ಇದೆ. ಒಳ್ಳೆಯ ನಟನೊಬ್ಬ ಕಡತಗಳ ನಡುವೆ ಕುಳಿತ ಎಂದರೆ ನಾಟಕ ನೋಡುವವರಿಗೆ ಹೊಟ್ಟೆ ಉರಿಯುವುದು ಸಹಜ. ಆದರೆ ವಿಲಾರ್‌ನ ವಿಷಯದಲ್ಲಿ ನಟನನ್ನೂ ವ್ಯವಸ್ಥಾಪಕನನ್ನೂ ಹೀಗೆ ಎರಡಾಗಿ ಸೀಳಲು ಬರುವುದಿಲ್ಲ ಎಂಬುದು ನನ್ನ ವಾದ.

ಅವನು ಹುಟ್ಟಿದ್ದು 1912ರಲ್ಲಿ, ಮೆಡಿಟರೇನಿಯನ್ ದಂಡೆಯ ಸೆತ್ ಎಂಬ ಬಂದರು ಪಟ್ಟಣದಲ್ಲಿ. ತಂದೆಗೆ ಸೂಜಿ, ದಾರ, ಗುಂಡಿ ಮಾರುವ ಅಂಗಡಿ. ಇಪ್ಪತ್ತರ ಹರೆಯದಲ್ಲಿ ಪ್ಯಾರಿಸ್‌ಗೆ ಬಂದವನು ನಟ, ನಿರ್ದೇಶಕ ಶಾರ್ಲ್ ದ್ಯುಲಾಂ ನಡೆಸುತ್ತಿದ್ದ ತಾಲೀಮೊಂದನ್ನು ನೋಡಿದ, ಅವನ ಶಿಷ್ಯನಾದ. ಯುದ್ಧಕಾಲದಲ್ಲಿ ಒಂದು ಸಣ್ಣ ಸಂಚಾರಿ ತಂಡ ಸೇರಿಕೊಂಡು ಹಳ್ಳಿಗಳಲ್ಲಿ ಸಿಕ್ಕ ಸಿಕ್ಕ ಜಾಗದಲ್ಲಿ ನಾಟಕವಾಡಿದ. 1945ರಲ್ಲಿ ಟಿ. ಎಸ್. ಎಲಿಯಟ್‌ನ ‘ಮರ್ಡರ್ ಇನ್ ದ ಕೆಥೆಡ್ರಲ್’ ನಾಟಕವನ್ನು ಪ್ಯಾರಿಸ್‌ನ ಒಂದು ಚಿಕ್ಕ ರಂಗಮಂದಿರದಲ್ಲಿ ನಿರ್ದೇಶಿಸಿ, ಆರ್ಚ್‌ಬಿಷಪ್ ಬೆಕೆಟ್‌ನ ಪಾತ್ರವನ್ನೂ ತಾನೇ ಮಾಡಿದ. ಹೆಸರು ಬಂದದ್ದು ಅಲ್ಲಿಂದ.

1947ರಲ್ಲಿ ದಕ್ಷಿಣ ಫ್ರಾನ್ಸಿನ ಅವಿನ್ಯೋನ್ ನಗರದಲ್ಲಿ ಚಿತ್ರಕಲಾ ಪ್ರದರ್ಶನವೊಂದನ್ನು ಏರ್ಪಡಿಸಿದ್ದವರು, ಆ ನಾಟಕವನ್ನೇ ಅಲ್ಲಿನ ಪೋಪರ ಅರಮನೆಯ ಅಂಗಳದಲ್ಲಿ ಆಡಿ ಎಂದು ಕರೆದರು. ವಿಲಾರ್ ಮೊದಲು ಒಪ್ಪಲಿಲ್ಲ. ಹದಿನಾಲ್ಕನೆಯ ಶತಮಾನದ ಕೋಟೆಯಂಥ ಕಟ್ಟಡ, ಆಳೆತ್ತರಗಳನ್ನು ಮೀರಿದ ಕಲ್ಲುಗೋಡೆ, ಮೇಲೆ ಬರೀ ಆಕಾಶ. ಚಿಕ್ಕ ಮಂದಿರದ ನಾಟಕ ಅಲ್ಲಿ ಕಳೆದುಹೋಗುತ್ತದೆ ಎಂಬ ಅಳುಕು. ಆಮೇಲೆ ಅವನೇ ಹೊಸ ಬೇಡಿಕೆ ಇಟ್ಟ: ಒಂದಲ್ಲ, ಮೂರು ನಾಟಕ ಮಾಡುತ್ತೇನೆ! ಷೇಕ್ಸ್‌ಪಿಯರನ ‘ಎರಡನೆಯ ರಿಚರ್ಡ್’, ಪಾಲ್ ಕ್ಲೊಡೆಲ್‌ನದೊಂದು, ಮತ್ತು ಮೊರಿಸ್ ಕ್ಲಾವೆಲ್ ಎಂಬ ಹೊಸಬನದೊಂದು. ಆ ಸೆಪ್ಟೆಂಬರಿನ ಒಂದು ವಾರದ ಕಲಾಪವೇ ಮುಂದೆ ಅವಿನ್ಯೋನ್ ಉತ್ಸವವಾಗಿ ಬೆಳೆಯಿತು.

ನಿಮ್ಮ ಪ್ರಶ್ನೆಗೆ ಉತ್ತರ ಇರುವುದು ಆ ಅಂಗಳದಲ್ಲಿಯೇ. ಅಂಥ ಗೋಡೆಯ ಮುಂದೆ ಬಣ್ಣ ಬಳಿದ ಪರದೆಗಳು ಆಟಿಕೆಯಂತೆ ಕಾಣುತ್ತವೆ. ಅಲ್ಲಿ ಬೀಸುವ ‘ಮಿಸ್ತ್ರಾಲ್’ ಗಾಳಿಗೆ ಅವು ನಿಲ್ಲುವುದೂ ಇಲ್ಲ. ಹಾಗಾಗಿ ವಿಲಾರ್ ರಂಗಸಜ್ಜಿಕೆಯನ್ನೇ ಕೈಬಿಟ್ಟ. ಬರಿಯ ವೇದಿಕೆ, ಬೆಳಕು, ಚಿತ್ರಕಾರ ಲೆಯೋಂ ಗಿಶ್ಯಾ ರೂಪಿಸಿದ ಗಾಢ ಬಣ್ಣದ ಉಡುಪು, ಇವುಗಳ ನಡುವೆ ನಟ. ಮರೆಯಲು ಮೂಲೆಯಿಲ್ಲ, ಒರಗಲು ಕಂಬವಿಲ್ಲ. ಕೃಶ ದೇಹದ, ಮೂಳೆಯೆದ್ದ ಮುಖದ, ಮಾತನ್ನು ಅಲಂಕಾರವಿಲ್ಲದೆ ಆಡುತ್ತಿದ್ದ ವಿಲಾರ್‌ನಂಥ ನಟನಿಗೆ ಹೊಂದುವ ರಂಗ ಅದು. ನಿರ್ದೇಶಕನ ಈ ತೀರ್ಮಾನದ ಹಿಂದೆ ನಟನೇ ಇದ್ದ.

1951ರಲ್ಲಿ ಶಿಕ್ಷಣ ಸಚಿವಾಲಯದ ಅಧಿಕಾರಿ ಝಾನ್ ಲೊರಾಂ ಅವನನ್ನು ಪ್ಯಾರಿಸ್‌ನ ಶಾಯೋ ಅರಮನೆಯಲ್ಲಿದ್ದ ಸರ್ಕಾರಿ ರಂಗಮಂದಿರದ ಮುಖ್ಯಸ್ಥನನ್ನಾಗಿ ನೇಮಿಸಿದರು. ನಟ, ನಿರ್ದೇಶಕ ಫಿರ್ಮ್ಯಾಂ ಜೆಮಿಯೇ 1920ರಲ್ಲಿ ಕಟ್ಟಿದ ‘ರಾಷ್ಟ್ರೀಯ ಜನತಾ ರಂಗಭೂಮಿ’ ಎಂಬ ಹೆಸರನ್ನು ವಿಲಾರ್ ಮತ್ತೆ ಜೀವಂತಗೊಳಿಸಿದ. ತಮಾಷೆಯೆಂದರೆ ಮಂದಿರವೇ ಕೈಗೆ ಸಿಗಲಿಲ್ಲ. ವಿಶ್ವಸಂಸ್ಥೆಯ ಮಹಾಧಿವೇಶನ ಅಲ್ಲಿ ಬೀಡುಬಿಟ್ಟಿತ್ತು. ತಂಡ ನಗರದಂಚಿನ ಸ್ಯುರೇನ್‌ಗೆ ಹೋಗಿ, ವಾರಾಂತ್ಯದಲ್ಲಿ ನಾಟಕ, ಸಂಗೀತ, ಊಟ, ನೃತ್ಯ ಎಲ್ಲವನ್ನೂ ಸೇರಿಸಿ ಜನರನ್ನು ಕರೆಯಿತು. ಒಂದು ಕಡೆ ಹದಿನೇಳನೆಯ ಶತಮಾನದ ನಾಟಕಕಾರ ಕೊರ್ನೇಯ್‌ನ ‘ಲ ಸಿದ್’, ಇನ್ನೊಂದು ಕಡೆ ಜರ್ಮನ್ ನಾಟಕಕಾರ ಬ್ರೆಕ್ಟ್‌ನ ‘ಮದರ್ ಕರೇಜ್’. ಸರ್ಕಾರದ ಹಣದಲ್ಲಿ ಕಮ್ಯುನಿಸ್ಟನ ನಾಟಕವೇ ಎಂದು ಕೂಗಾಡಿದವರೂ ಇದ್ದರು.

ಈಗ ನೀವು ಗೇಲಿ ಮಾಡಿದ ಬಾಗಿಲಿನ ವಿಷಯ. ಪ್ಯಾರಿಸ್‌ನ ಮಂದಿರಗಳಲ್ಲಿ ಟಿಕೆಟ್ ಕೊಂಡವನ ಕೈ ಅಲ್ಲಿಗೇ ನಿಲ್ಲುತ್ತಿರಲಿಲ್ಲ: ಕೋಟು ಇಡಲು ಕಾಸು, ಆಸನ ತೋರಿಸುವ ಹೆಂಗಸಿಗೆ ಭಕ್ಷೀಸು. ವಿಲಾರ್ ಭಕ್ಷೀಸನ್ನು ನಿಷೇಧಿಸಿದ, ಕೋಟು ಇಡುವುದನ್ನು ಉಚಿತ ಮಾಡಿದ. ದುಡಿಯುವವರು ರಾತ್ರಿ ಮೆಟ್ರೋ ಹಿಡಿದು ಮನೆ ಸೇರಲೆಂದು ಆಟ ಬೇಗ ಆರಂಭಿಸಿದ. ತಡವಾಗಿ ಬಂದವರು ಎಷ್ಟೇ ದೊಡ್ಡವರಾದರೂ ಹೊರಗೇ ನಿಲ್ಲಬೇಕು. ನಾಟಕದ ಪಠ್ಯವನ್ನು ಅಗ್ಗದ ಪುಸ್ತಕವಾಗಿ ಅಲ್ಲೇ ಮಾರಿಸಿದ. ನನಗೆ ತುಂಬ ಇಷ್ಟವಾದದ್ದು ಇನ್ನೊಂದು: ಹೊಸ ನಾಟಕದ ಮೊದಲ ಆಟಗಳು ಕಾರ್ಮಿಕ ಸಂಘ, ಯುವಜನ ಸಂಘಗಳಿಗೆ ಮೀಸಲು, ಪತ್ರಿಕೆಯ ವಿಮರ್ಶಕರು ಆಮೇಲೆ. (ಪತ್ರಿಕೆಯವನಾಗಿ ನನಗೆ ಇದು ಚುಚ್ಚಬೇಕಿತ್ತು, ಚುಚ್ಚುವುದಿಲ್ಲ.) ಸುಮಾರು 2,700 ಆಸನಗಳ ಆ ಮಂದಿರದಲ್ಲಿ ಮುಂಪರದೆಯನ್ನೂ ತೆಗೆಸಿದ. ಒಳಗೆ ಬಂದವನಿಗೆ ತೆರೆದ ವೇದಿಕೆಯೇ ಎದುರು. ಪ್ರೇಕ್ಷಕನ ಮನಸ್ಸು ಯಾವ ಸ್ಥಿತಿಯಲ್ಲಿ ನಾಟಕದೊಳಗೆ ಕಾಲಿಡಬೇಕು ಎಂಬುದನ್ನು ತೀರ್ಮಾನಿಸುವವನು ನಿರ್ದೇಶಕನಲ್ಲದೆ ಇನ್ಯಾರು? ಕಿಸೆ ಸವರಿಕೊಂಡು, ಉಡುಪಿಗೆ ನಾಚಿಕೊಂಡು ಕುಳಿತವನು ಮೋಲಿಯೇರನ ಹಾಸ್ಯನಾಟಕದ ಹಾರ್ಪಗೋನನ ಜಿಪುಣತನಕ್ಕೆ ಬಾಯ್ತುಂಬ ನಗಲಾರ. ಆ ಹಾರ್ಪಗೋನನನ್ನು ಆಡಿದವನೂ ವಿಲಾರ್‌ನೇ. 1953ರಲ್ಲಿ ಮೋಲಿಯೇರನ ಡಾನ್ ಹುವಾನ್ ಆಗಿ, ಸೇವಕನ ಪಾತ್ರದ ದಾನಿಯೆಲ್ ಸೊರಾನೋ ಜೊತೆ ನಿಂತವನೂ ಅವನೇ. ನಟ ಸತ್ತದ್ದು ಎಲ್ಲಿ?

ಝೆರಾರ್ ಫಿಲಿಪ್‌ನ ಮಾತು ಇಲ್ಲಿ ಬರಬೇಕು. ಫ್ರಾನ್ಸ್ ಮರುಳಾಗಿದ್ದ ಸಿನಿಮಾ ನಾಯಕ ಅವನು. ‘ಲ ಸಿದ್’ ಮಾಡು ಎಂದು ವಿಲಾರ್ ಕೇಳಿದಾಗ ದುರಂತ ನಾಟಕ ತನ್ನದಲ್ಲ ಎಂದು ನಿರಾಕರಿಸಿದ್ದವನು, ಆಮೇಲೆ ತಾನಾಗಿಯೇ ಬಂದು ತಂಡಕ್ಕೆ ಸೇರಿಸಿಕೋ ಎಂದ. ಭಿತ್ತಿಪತ್ರದಲ್ಲಿ ನಟರ ಹೆಸರುಗಳು ಅಕಾರಾದಿಯಲ್ಲಿ ಬರುತ್ತಿದ್ದವು. ಫಿಲಿಪ್‌ಗೆ ವಿನಾಯಿತಿ ಇರಲಿಲ್ಲ, ಅವನು ಕೇಳಲೂ ಇಲ್ಲ. 1959ರಲ್ಲಿ 36ನೆಯ ವಯಸ್ಸಿಗೆ ತೀರಿಕೊಂಡಾಗ ತಾನು ಆಡಿದ ಸಿದ್ ಪಾತ್ರದ ಉಡುಪಿನಲ್ಲಿಯೇ ಅವನನ್ನು ಮಣ್ಣು ಮಾಡಿದರು.

ವಿಲಾರ್‌ನ ದಾರಿ ಹೂವಿನದೇನೂ ಆಗಿರಲಿಲ್ಲ. ನಿಮ್ಮ ಪಕ್ಷಕ್ಕೆ ದೊಡ್ಡ ಸಾಕ್ಷಿಯನ್ನು ನಾನೇ ಒದಗಿಸುತ್ತೇನೆ: ಇದು ಜನತಾ ರಂಗಭೂಮಿಯಲ್ಲ, ಕಾರ್ಮಿಕರು ಇಲ್ಲಿಲ್ಲ ಎಂದು 1955ರಲ್ಲಿ ತತ್ವಜ್ಞಾನಿ, ನಾಟಕಕಾರ ಸಾರ್ತ್ರೆ ಕುಟುಕಿದ. ಮಾತಿನಲ್ಲಿ ಸತ್ಯಾಂಶವಿತ್ತು. ಬಂದವರಲ್ಲಿ ಶಿಕ್ಷಕರು, ವಿದ್ಯಾರ್ಥಿಗಳು, ಗುಮಾಸ್ತರು ಹೆಚ್ಚು. ಆದರೂ 12 ವರ್ಷಗಳಲ್ಲಿ 50 ಲಕ್ಷಕ್ಕೂ ಹೆಚ್ಚು ಪ್ರೇಕ್ಷಕರು ಬಂದರು. ಅವರಲ್ಲಿ ಗುಮಾಸ್ತರಿದ್ದರೆ ಅದೇನು ಅಪರಾಧವೇ? 1963ರಲ್ಲಿ ಅವನು ಶಾಯೋ ಬಿಟ್ಟ, ಅವಿನ್ಯೋನ್ ಬಿಡಲಿಲ್ಲ. 1968ರ ಬೇಸಿಗೆಯಲ್ಲಿ ಪ್ರತಿಭಟನಕಾರ ಯುವಜನ ಅಲ್ಲಿಗೆ ಬಂದು ಪೋರ್ಚುಗಲ್‌ನ ಸರ್ವಾಧಿಕಾರಿ ಸಲಾಝಾರ್‌ನ ಹೆಸರಿನ ಜೊತೆ ಅವನ ಹೆಸರನ್ನು ಪ್ರಾಸ ಸೇರಿಸಿ ಕೂಗಿದರು. ಬೆವರು ಸುರಿಸಿ ಬಾಗಿಲು ತೆರೆದವನನ್ನೇ ಹಾಗೆ ಕರೆದದ್ದು ಅನ್ಯಾಯ ಎಂದು ನನ್ನ ಖಚಿತ ಅಭಿಪ್ರಾಯ. ಅದೇ ವರ್ಷ ಅವನಿಗೆ ಹೃದಯಾಘಾತವಾಯಿತು. 1971ರ ಮೇ ತಿಂಗಳಲ್ಲಿ, ಉತ್ಸವದ ಹೊಣೆ ಹೆಗಲ ಮೇಲಿರುವಾಗಲೇ, ಸೆತ್‌ನಲ್ಲಿ ತೀರಿಕೊಂಡ.

ಕೊನೆಯ ಪ್ರಶ್ನೆ. ರಂಗದ ಮೇಲಿನ ಅವನ ಕೆಲಸದ ಚಿತ್ರಗಳೂ ಧ್ವನಿಮುದ್ರಣಗಳೂ ಉಳಿದಿವೆ. ಚಲಿಸುವ, ಮಾತಾಡುವ ವಿಲಾರ್‌ನನ್ನು ನೋಡಬೇಕಿದ್ದರೆ ಮಾರ್ಸೆಲ್ ಕಾರ್ನೇ 1946ರಲ್ಲಿ ಮಾಡಿದ ‘ಲೆ ಪೋರ್ತ್ ದ ಲ ನ್ವೀ’ ಚಲನಚಿತ್ರ ಹುಡುಕಿ. ತಾನೇ ವಿಧಿ ಎಂದು ಹೇಳಿಕೊಂಡು ತಿರುಗುವ ಅಲೆಮಾರಿಯ ಪಾತ್ರ ಅವನದು. ನೋಡಿದ ಮೇಲೆ ನಿಮ್ಮ ತಕರಾರು ಉಳಿದಿದ್ದರೆ ಮತ್ತೆ ಬರೆಯಿರಿ, ಪ್ರಕಟಿಸುತ್ತೇವೆ.

– ಸಂಪಾದಕ