ಒಂದೇ ಅಂಕ ಕಡಿಮೆ, ಕೀ ಉತ್ತರ ತಪ್ಪು: ಕೋರ್ಟಿಗೆ ಹೋಗಬಹುದಾ?

ಪ್ರಶ್ನೆ: ಸರ್, ನಾನು ಗೋಕಾಕದವಳು. ಡಿ.ಇಡಿ ಮುಗಿಸಿ ಖಾಸಗಿ ಶಾಲೆಯಲ್ಲಿ ಪಾಠ ಮಾಡುತ್ತಿದ್ದೇನೆ. ಶಿಕ್ಷಕರ ಅರ್ಹತಾ ಪರೀಕ್ಷೆ ಟಿಇಟಿಯ ಒಂದನೇ ಪತ್ರಿಕೆಯಲ್ಲಿ 89 ಅಂಕ ಬಂದಿದೆ. ನನ್ನದು ಹಿಂದುಳಿದ ವರ್ಗದ 2ಎ, ಪಾಸಾಗಲು 90 ಬೇಕಿತ್ತು. ಎರಡು ಪ್ರಶ್ನೆಗಳ ಕೀ ಉತ್ತರ, ಅಂದರೆ ಪರೀಕ್ಷೆ ನಡೆಸಿದವರೇ ಸರಿ ಎಂದು ಪ್ರಕಟಿಸಿದ ಉತ್ತರ, ತಪ್ಪಿದೆ. ಒಂದು, ಕಣ್ಣಿಂದ ಮರೆಯಾದ ಆಟಿಕೆಯನ್ನು ಮಗು ಹುಡುಕಲು ಕಲಿಯುವುದು ಮನೋವಿಜ್ಞಾನಿ ಪಿಯಾಜೆ ಹೇಳಿದ ಯಾವ ಹಂತದಲ್ಲಿ ಎಂಬುದು. ಇನ್ನೊಂದು, ಕಲಿಕೆಯಲ್ಲಿ ಹಿಂದುಳಿದ ಮಗುವಿಗೆ ಶಿಕ್ಷಕರು ಮೊದಲು ಏನು ಮಾಡಬೇಕು ಎಂಬುದು. ಆಕ್ಷೇಪಣೆ ಹಾಕಿದ್ದೆ, ಅಂತಿಮ ಕೀ ಉತ್ತರದಲ್ಲೂ ಬದಲಾಗಲಿಲ್ಲ. ಕೋರ್ಟಿಗೆ ಹೋದರೆ ಪೇಪರ್ ಮತ್ತೆ ತಿದ್ದಿಸುತ್ತಾರಾ? ಕೃಪಾಂಕ ಸಿಗುತ್ತಾ?

ಉತ್ತರ: ಕೃಪಾಂಕದ ಆಸೆ ಮೊದಲು ಬಿಡಿ. ಒಂದು ಅಂಕದಲ್ಲಿ ಹೋಯಿತು ಅನ್ನುವ ಸಂಕಟ ಯಾರಿಗಾದರೂ ಅರ್ಥವಾಗುತ್ತದೆ, ಆದರೆ ಅದನ್ನು ನೋಡಿ ಕೋರ್ಟು ಅಂಕ ಕೊಡುವುದಿಲ್ಲ. ನಿಯಮದಲ್ಲಿ ಅವಕಾಶ ಇಲ್ಲದಿದ್ದರೆ ಮರುಮೌಲ್ಯಮಾಪನ ಕೇಳುವ ಹಕ್ಕೂ ಅಭ್ಯರ್ಥಿಗೆ ಇಲ್ಲ. ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿಯ ರಣ್ ವಿಜಯ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಖಡಕ್ಕಾಗಿ ಹೇಳಿತು. ಅನುಮಾನ ಇದ್ದರೆ ಅದರ ಲಾಭ ಪರೀಕ್ಷೆ ನಡೆಸಿದವರಿಗೆ, ಬರೆದವರಿಗಲ್ಲ. ಅಂದಹಾಗೆ ಆ ನೇಮಕಾತಿ 2009ರದು, ತೀರ್ಪು ಬಂದದ್ದು 2017ರ ಡಿಸೆಂಬರ್‌ನಲ್ಲಿ. ಎಷ್ಟು ವರ್ಷ ಹೋಯಿತು ನೋಡಿ.

ಹಾಗಂತ ಬಾಗಿಲು ಪೂರ್ತಿ ಮುಚ್ಚಿಲ್ಲ. 1983ರಲ್ಲಿ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣ ಸುಪ್ರೀಂ ಕೋರ್ಟಿಗೆ ಬಂದಿತ್ತು. ಅದು ವೈದ್ಯಕೀಯ ಪ್ರವೇಶ ಪರೀಕ್ಷೆಯ ಜಗಳ. ಕೀ ಉತ್ತರ ಸರಿ ಎಂದೇ ಮೊದಲು ನಂಬಬೇಕು, ಆದರೆ ಅದು ತಪ್ಪೆಂದು ಅನುಮಾನಕ್ಕೆ ಎಡೆಯಿಲ್ಲದಂತೆ ಸಾಬೀತಾದರೆ ವಿದ್ಯಾರ್ಥಿಯನ್ನು ದಂಡಿಸುವುದು ಅನ್ಯಾಯ ಎಂದಿತು ಕೋರ್ಟು. ಇಂದಿಗೂ ಇಂಥ ಅರ್ಜಿಗಳು ನಿಲ್ಲುವುದು, ಬೀಳುವುದು ಈ ಮಾತಿನ ಮೇಲೆಯೇ.

ಈಗ ನಿಮ್ಮ ಎರಡು ಪ್ರಶ್ನೆ ನೋಡೋಣ. ಹಿಂದುಳಿದ ಮಗುವಿನ ಪ್ರಶ್ನೆ ಕೈಬಿಡಿ. ಪರಿಹಾರ ಬೋಧನೆ ಮೊದಲಾ, ಕಾರಣ ಹುಡುಕುವುದು ಮೊದಲಾ ಅಂತ ಹತ್ತು ಬಿ.ಇಡಿ ಪ್ರಾಧ್ಯಾಪಕರನ್ನು ಕೇಳಿದರೆ ಹತ್ತು ಮಾತು ಬರುತ್ತದೆ. ನಿಮ್ಮ ಉತ್ತರವೂ ಸರಿ ಇರಬಹುದು. ಆದರೆ 'ನನ್ನದೂ ಸರಿ ಇರಬಹುದು' ಎನ್ನುವ ವಾದ ಕೋರ್ಟಿನಲ್ಲಿ ನಡೆಯುವುದಿಲ್ಲ. ಪಿಯಾಜೆ ಪ್ರಶ್ನೆ ಹಾಗಲ್ಲ. ವಸ್ತು ಕಾಣದಿದ್ದರೂ ಅದು ಇದೆ ಎಂಬ ಅರಿವು ಹುಟ್ಟಿನಿಂದ ಸುಮಾರು 2 ವರ್ಷದವರೆಗಿನ ಸಂವೇದನಾ ಗತಿ ಹಂತದಲ್ಲೇ ಬರುತ್ತದೆ ಎಂದು ಡಿ.ಇಡಿ ಪುಸ್ತಕದಿಂದ ಹಿಡಿದು ಎಲ್ಲ ಕಡೆ ಇದೆ. ಕೀಯಲ್ಲಿ ಬೇರೆ ಹಂತ ಕೊಟ್ಟಿದ್ದರೆ ಅದು ಅಭಿಪ್ರಾಯ ಭೇದ ಅಲ್ಲ, ತಪ್ಪು. ನಿಮಗೆ ಬೇಕಿರುವುದೂ ಒಂದೇ ಅಂಕ ಅಲ್ವಾ? ಅರ್ಜಿಯಲ್ಲಿ ಈ ಒಂದನ್ನೇ ಇಟ್ಟುಕೊಳ್ಳಿ. ನಾಲ್ಕು ದುರ್ಬಲ ಪ್ರಶ್ನೆ ಜೊತೆ ಸೇರಿಸಿದರೆ ಗಟ್ಟಿ ಇರುವುದೂ ತೆಳ್ಳಗಾಗುತ್ತದೆ.

ಆದರೆ ವಕೀಲರ ಹತ್ತಿರ ಹೋಗುವ ಮುನ್ನ ಒಂದು ಕೆಲಸ ಇದೆ. ಆ ಪ್ರಶ್ನೆಗೆ ಒಎಂಆರ್, ಅಂದರೆ ಯಂತ್ರ ಓದುವ ಉತ್ತರ ಹಾಳೆಯಲ್ಲಿ ನೀವು ನಿಜವಾಗಿ ಯಾವ ಗುಂಡಿ ತುಂಬಿದ್ದೀರಿ? ನೆನಪನ್ನು ನಂಬಬೇಡಿ. ನನ್ನ ಬಳಿ ಬಂದ ಎಷ್ಟೋ ಮಂದಿ ಒಎಂಆರ್ ಪ್ರತಿ ನೋಡಿದ ಮೇಲೆ ಮಾತಿಲ್ಲದೆ ಎದ್ದು ಹೋಗಿದ್ದಾರೆ. ಕಾರ್ಬನ್ ಪ್ರತಿ ಇಲ್ಲದಿದ್ದರೆ ಮಾಹಿತಿ ಹಕ್ಕಿನಲ್ಲಿ ಕೇಳಿ. ತನ್ನ ಉತ್ತರ ಪತ್ರಿಕೆ ನೋಡುವ ಹಕ್ಕು ಅಭ್ಯರ್ಥಿಗೆ ಇದೆ ಎಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ. ಶುಲ್ಕ 10 ರೂಪಾಯಿ, ಉತ್ತರಕ್ಕೆ 30 ದಿನ. ನಮ್ಮ ರಾಜ್ಯದ ನಿಯಮದಂತೆ ಅರ್ಜಿ ಒಂದೇ ವಿಷಯಕ್ಕೆ, 150 ಪದದೊಳಗೆ ಇರಬೇಕು. ಕಥೆ ಬರೆಯಬೇಡಿ. ನೋಂದಣಿ ಸಂಖ್ಯೆ ಹಾಕಿ ಒಎಂಆರ್ ಪ್ರತಿ ಕೇಳಿ, ಸಾಕು. ಆಕ್ಷೇಪಣೆ ಸಲ್ಲಿಸಿದ ದಾಖಲೆಯನ್ನೂ ಜೋಪಾನ ಮಾಡಿ. ಆಗ ಸುಮ್ನಿದ್ದು ಫಲಿತಾಂಶ ಬಂದ ಮೇಲೆ ಓಡಿ ಬಂದವರಿಗೆ 'ಅವಾಗ ಎಲ್ಲಿದ್ದಿರಿ' ಎನ್ನುವ ಪ್ರಶ್ನೆ ಎದುರಾಗುತ್ತದೆ. ನಿಮಗೆ ಆ ತೊಂದರೆ ಇಲ್ಲ.

ಟಿಇಟಿ ಅರ್ಹತೆಯ ಪರೀಕ್ಷೆ, ನೇಮಕಾತಿ ಅಲ್ಲ. ಹಾಗಾಗಿ ಸಾಮಾನ್ಯವಾಗಿ ಹೈಕೋರ್ಟಿನಲ್ಲೇ ರಿಟ್ ಅರ್ಜಿ (ಸರ್ಕಾರಿ ಸಂಸ್ಥೆಯ ಕ್ರಮವನ್ನು ನೇರವಾಗಿ ಪ್ರಶ್ನಿಸುವ ಅರ್ಜಿ) ಹಾಕುತ್ತಾರೆ. ಬೆಳಗಾವಿ, ಬಾಗಲಕೋಟೆಯವರಿಗೆ ಧಾರವಾಡ ಪೀಠ. ಮುಂದೆ ನೇಮಕಾತಿಯ ಸ್ಪರ್ಧಾ ಪರೀಕ್ಷೆಯಾದ ಸಿಇಟಿಯಲ್ಲಿ ಇಂಥದೇ ತಕರಾರು ಬಂದರೆ ಮೊದಲು ಬೆಳಗಾವಿಯಲ್ಲಿರುವ, ಸರ್ಕಾರಿ ನೌಕರಿಯ ತಕರಾರು ನೋಡುವ ಆಡಳಿತ ನ್ಯಾಯಮಂಡಳಿಯ ಪೀಠಕ್ಕೆ ಹೋಗಬೇಕು. ಇದು ಗೊತ್ತಿಲ್ಲದೆ ತಪ್ಪು ಬಾಗಿಲು ತಟ್ಟಿ ತಿಂಗಳುಗಟ್ಟಲೆ ಕಳೆದುಕೊಂಡವರಿದ್ದಾರೆ. ಬೇರೆಯವರು ಹಾಕಿದ ಕೇಸು ಗೆದ್ದರೆ ನನಗೂ ಸಿಗುತ್ತದೆ ಅಂತ ಕೂರಬೇಡಿ. ಕೆಲವು ಸಲ ಕೋರ್ಟಿಗೆ ಬಂದವರಿಗಷ್ಟೇ ಪರಿಹಾರ ಸಿಗುತ್ತದೆ.

ಮತ್ತೆ, ಕೇಸು ಹಾಕಿದ್ದೀನಿ ಅಂತ ಮುಂದಿನ ಟಿಇಟಿ ಬಿಡಬೇಡಿ. ಈಗ ಒಮ್ಮೆ ಪಾಸಾದರೆ ಪ್ರಮಾಣಪತ್ರ ಜೀವನಪೂರ್ತಿ ನಡೆಯುತ್ತದೆ. 89 ತೆಗೆದವರಿಗೆ ಇನ್ನೊಂದು ಪ್ರಯತ್ನ ಕೋರ್ಟಿಗಿಂತ ಬೇಗ ಮುಗಿಯುವ ಸಾಧ್ಯತೆ ಜಾಸ್ತಿ.

ಪ್ರಶ್ನೆ: ಇಂಡಿಯಿಂದ ಬರೆಯುತ್ತಿದ್ದೇನೆ. ಸೇವೆಯಲ್ಲಿರುವ ಶಿಕ್ಷಕ, ನಿವೃತ್ತಿಗೆ ಇನ್ನೂ 11 ವರ್ಷ. ಟಿಇಟಿಯಲ್ಲಿ ಪ್ರಶ್ನೆಪತ್ರಿಕೆಯ ಸರಣಿಯ (ಎ, ಬಿ ಅಂತ ಮುದ್ರಿಸಿರುವ ಗುರುತಿನ) ಗುಂಡಿ ತಪ್ಪು ತುಂಬಿ ಫೇಲಾದೆ. ಸರಿಯಾದ ಸರಣಿಯಿಂದ ತಿದ್ದಿದರೆ ಪಾಸಾಗುತ್ತೇನೆ. ದಾರಿ ಇದೆಯಾ?

ಉತ್ತರ: ಕಷ್ಟ ಇದೆ ಗುರುಗಳೇ. ಇಲ್ಲಿ ತಪ್ಪು ಪರೀಕ್ಷೆ ನಡೆಸಿದವರದಲ್ಲ. ಕರ್ನಾಟಕ ಲೋಕಸೇವಾ ಆಯೋಗದ ಒಂದು ಪ್ರಕರಣದಲ್ಲಿ ಅಭ್ಯರ್ಥಿಗಳು ಸೂಚನೆ ಮೀರಿ ಉತ್ತರ ಪತ್ರಿಕೆಯ ಒಳಗೂ ನೋಂದಣಿ ಸಂಖ್ಯೆ ಬರೆದಿದ್ದರು. ಅವರ ಪತ್ರಿಕೆ ತಿದ್ದದೆ ಬಿಟ್ಟದ್ದು ಸರಿ ಎಂದು 1992ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಕೊಠಡಿ ಮೇಲ್ವಿಚಾರಕರೇ ತಪ್ಪು ಸರಣಿ ಬರೆಸಿದ್ದಕ್ಕೆ ದಾಖಲೆ ಇದ್ದರೆ ಮಾತ್ರ ಯೋಚಿಸಬಹುದು. ವಿಜಯಪುರ ಜಿಲ್ಲೆಗೆ ಕಲಬುರಗಿ ಪೀಠ, ಧಾರವಾಡ ಅಲ್ಲ. ಸೇವೆ 5 ವರ್ಷಕ್ಕಿಂತ ಜಾಸ್ತಿ ಉಳಿದವರು 2 ವರ್ಷದೊಳಗೆ ಟಿಇಟಿ ಪಾಸಾಗಬೇಕೆಂದು 2025ರ ಸೆಪ್ಟೆಂಬರ್ 1ರಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ. ಆ ಗಡುವು ನಿಮಗೂ ಓಡುತ್ತಿದೆ. ನಾನಾಗಿದ್ದರೆ ವಕೀಲರ ಫೀಸಿನ ದುಡ್ಡಲ್ಲಿ ಪುಸ್ತಕ ತರುತ್ತಿದ್ದೆ, ಮನೆಯಲ್ಲಿ ಮಾದರಿ ಒಎಂಆರ್ ಶೀಟು ತುಂಬಿ ಕೈ ಪಳಗಿಸಿಕೊಳ್ಳುತ್ತಿದ್ದೆ.