ಕಡಮತ್‌ನಿಂದ ಸತ್ತ ಹವಳ ತರುವ ವಿಚಾರ, ಈಜು ಬಾರದವರ ವಿಚಾರ

ನೀವು ಕೇಳಿದ್ದು ಎರಡು. ಲಕ್ಷದ್ವೀಪದ ಕಡಮತ್ ದಂಡೆಯಲ್ಲಿ ಬಿದ್ದಿರುವ ಸತ್ತ ಹವಳವನ್ನು ಅಕ್ವೇರಿಯಂಗೆ ತರಬಹುದೇ? ಈಜು ಬಾರದ ಅಪ್ಪ ಅಮ್ಮನಿಗೆ ಅಲ್ಲಿ ನೋಡಲು ಏನಾದರೂ ಇದೆಯೇ? ಹವಳ ತರಲೇಬೇಡಿ. ಅಪ್ಪ ಅಮ್ಮನನ್ನು ಖಂಡಿತ ಕರೆದುಕೊಂಡು ಹೋಗಿ.

‘ಸತ್ತದ್ದು ತಾನೇ, ಅಲೆ ತಂದು ಎಸೆದದ್ದು ತಾನೇ’ ಎಂದು ನಿಮ್ಮ ಪ್ರಶ್ನೆಗೆ ಉತ್ತರವಾಗಿ ಒಬ್ಬರು ಬರೆದಿದ್ದಾರೆ. ಕಾನೂನು ಹಾಗೆ ನೋಡುವುದಿಲ್ಲ. ದಿಬ್ಬ ಕಟ್ಟುವ ಹವಳಗಳು 2001ರಿಂದ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಒಂದನೇ ಅನುಸೂಚಿಯಲ್ಲಿವೆ, ಅಂದರೆ ಹುಲಿ ಇರುವ ಪಟ್ಟಿಯಲ್ಲಿ. ಶಿಕ್ಷೆ ಮೂರರಿಂದ ಏಳು ವರ್ಷ ಜೈಲು. ಅದಿರಲಿ, ಆ ದ್ವೀಪವೇ ಹವಳದ ಪುಡಿ ಮತ್ತು ತುಂಡುಗಳ ರಾಶಿ. ಸಮುದ್ರ ಮಟ್ಟಕ್ಕಿಂತ ಕೆಲವೇ ಮೀಟರ್ ಎತ್ತರದಲ್ಲಿದೆ. ಬಂದವರೆಲ್ಲ ಒಂದೊಂದು ಚೀಲ ತುಂಬಿಕೊಂಡು ಹೊರಟರೆ ಹೇಗೆ?

ಇನ್ನು ನಿಮ್ಮ ಟ್ಯಾಂಕಿನ ದೃಷ್ಟಿಯಿಂದಲೂ ಅದು ದಂಡ. ಹವಳದ ಅಸ್ಥಿ ಎಂದರೆ ಕ್ಯಾಲ್ಸಿಯಂ ಕಾರ್ಬೊನೇಟ್. ಅದು ನಿಧಾನವಾಗಿ ಕರಗಿ ನೀರಿನ ಗಡಸುತನವನ್ನೂ ಪಿಎಚ್ (ಆಮ್ಲ-ಕ್ಷಾರದ ಅಳತೆ) ಅನ್ನೂ ಏರಿಸುತ್ತದೆ. ನೀವು ಸಾಕಿರುವುದು ನಿಯಾನ್ ಟೆಟ್ರಾ ಮೀನು. ಅವುಗಳಿಗೆ ಬೇಕಾದದ್ದು ಮೆದು ನೀರು. ಮುಂದೆ ಗಡಸು ನೀರು ಬೇಡುವ ಮಲಾವಿ ಸಿಕ್ಲಿಡ್ ಮೀನು ಸಾಕುವುದಾದರೆ ಸುಣ್ಣದ ಕಲ್ಲು ಇದೇ ಕೆಲಸ ಮಾಡುತ್ತದೆ. ಕಲ್ಲಿನ ಮೇಲೆ ವಿನೆಗರ್ ಬಿಟ್ಟು ನೋಡಿ, ನೊರೆ ಬಂದರೆ ಅದೇ.

ಈಗ ಅಪ್ಪ ಅಮ್ಮನ ವಿಷಯ. ಕಡಮತ್‌ನ ಪಶ್ಚಿಮಕ್ಕೆ ಆಳವಿಲ್ಲದ ಲಗೂನ್ (ದಂಡೆಗೂ ಹವಳದ ದಿಬ್ಬಕ್ಕೂ ನಡುವಿನ ಶಾಂತ ನೀರು) ಇದೆ. ಸೊಂಟದ ಮಟ್ಟದ ನೀರಿನಲ್ಲಿ, ಲೈಫ್ ಜಾಕೆಟ್ ಹಾಕಿಕೊಂಡು, ಜೊತೆಗೊಬ್ಬರು ತಿಳಿದವರನ್ನು ಇಟ್ಟುಕೊಂಡು, ಮಾಸ್ಕ್ ಧರಿಸಿ ಮುಖ ಅದ್ದಿದರೆ ಸಾಕು. ಕನ್ನಡಕ ಹಾಕುವವರಿಗೆ ಪವರ್ ಇರುವ ಮಾಸ್ಕ್ ಸಿಗುತ್ತದೆ, ಊರಿನಿಂದಲೇ ಕೊಂಡುಹೋಗಿ. ಅಪ್ಪನಿಗೆ ದಪ್ಪ ಮೀಸೆ ಇದ್ದರೆ ಮಾಸ್ಕಿನೊಳಗೆ ನೀರು ಜಿನುಗುತ್ತದೆ. ಮೂಗಿನ ಕೆಳಗೆ ಒಂದು ಗೆರೆಯಷ್ಟು ಬೋಳಿಸಲು ಒಪ್ಪಿಸಿ. (ಇಡೀ ಪ್ರವಾಸದಲ್ಲಿ ಕಷ್ಟದ ಕೆಲಸ ಇದೇ ಇರಬಹುದು.) ಸನ್‌ಸ್ಕ್ರೀನ್ ಬಳಿದುಕೊಳ್ಳುವ ಬದಲು ತುಂಬುತೋಳಿನ ಈಜುಡುಗೆ ಹಾಕಿಸಿ. ಕೆಲವು ಸನ್‌ಸ್ಕ್ರೀನ್‌ಗಳಲ್ಲಿರುವ ಆಕ್ಸಿಬೆಂಜೋನ್ ಎಂಬ ರಾಸಾಯನಿಕ ಹವಳಕ್ಕೆ ಹಾನಿಕರವೆಂದು ಹವಾಯಿಯಲ್ಲಿ 2021ರಿಂದ ಅಂಥವುಗಳ ಮಾರಾಟವನ್ನೇ ನಿಷೇಧಿಸಿದ್ದಾರೆ.

ನೀರಿಗಿಳಿದ ಮೇಲೆ ಈಜಾಡುತ್ತ ಅಲೆಯಬೇಡಿ. ಒಂದೇ ಹವಳದ ಎದುರು ಹತ್ತು ನಿಮಿಷ ತೇಲುತ್ತಿರಿ. ಗುಂಡುಬಂಡೆಯಂತಹ ಪೊರೈಟೀಸ್ ಹವಳ ಸಿಕ್ಕರೆ ಅದರ ಮೈಮೇಲೆ ಹಳದಿ, ನೀಲಿ ಬಣ್ಣದ ಪುಟ್ಟ ಸುರುಳಿ ಗರಿಗಳನ್ನು ಹುಡುಕಿ. ಅವು ಹುಳುಗಳು. ನಿಮ್ಮ ಕೈಯ ನೆರಳು ಬಿದ್ದರೂ ಸಾಕು, ಗರಿ ಸರಕ್ಕನೆ ಕೊಳವೆಯೊಳಗೆ ಸೇರಿಕೊಳ್ಳುತ್ತದೆ. ಅಲುಗಾಡದೆ ಕಾದರೆ ಮೆಲ್ಲನೆ ಮತ್ತೆ ಬಿಚ್ಚಿಕೊಳ್ಳುತ್ತದೆ. ಗಿಳಿಮೀನು ಹತ್ತಿರದಲ್ಲಿದ್ದರೆ ಅದು ಹವಳ ಕೆರೆಯುವ ಕಟಕಟ ಸದ್ದು ಕಿವಿಗೇ ಕೇಳಿಸುತ್ತದೆ. ಹಾಗೆ ಅರೆದು ಅದು ಹೊರಹಾಕುವ ಪುಡಿಯೂ ಆ ಬಿಳಿ ಮರಳಿನ ಒಂದು ಭಾಗ. ಜೋಡಿಯಾಗಿ ಓಡಾಡುವ ಚಿಟ್ಟೆಮೀನುಗಳನ್ನು ಗಮನಿಸಿ: ಹಲವು ಜಾತಿಗಳು ಜೀವಂತ ಹವಳವನ್ನಲ್ಲದೆ ಬೇರೇನನ್ನೂ ತಿನ್ನುವುದಿಲ್ಲ. ಅಂಗಡಿಯಲ್ಲಿ ಅಂದ ನೋಡಿ ಅಂಥವನ್ನು ಕೊಂಡರೆ ಟ್ಯಾಂಕಿನಲ್ಲಿ ಉಪವಾಸ ಬಿದ್ದು ಸಾಯುತ್ತವೆ.

ಬಿಳುಚಿದ ಹವಳ ಕಂಡರೆ ಸತ್ತಿದೆ ಎಂದು ತಿಳಿಯಬೇಡಿ. ನೀರಿನ ಉಷ್ಣತೆ ಬೇಸಿಗೆಯ ಗರಿಷ್ಠಕ್ಕಿಂತ ಒಂದು ಡಿಗ್ರಿ ಹೆಚ್ಚಾಗಿ ಕೆಲವು ವಾರ ಹಾಗೇ ನಿಂತರೆ, ಅನ್ನ ತಯಾರಿಸಿಕೊಡುವ ಒಳಗಿನ ಪಾಚಿಯನ್ನು ಹವಳ ಕಳೆದುಕೊಳ್ಳುತ್ತದೆ. ಬಣ್ಣ ಹೋದರೂ ಜೀವ ಇನ್ನೂ ಇರುತ್ತದೆ. ನೀರು ಬೇಗ ತಣಿದರೆ ಚೇತರಿಸಿಕೊಳ್ಳಬಹುದು. ಮೇಲೆ ಕಂದು ಅಥವಾ ಹಸಿರು ಪಾಚಿಯ ನವಿರು ಬೆಳೆದಿದ್ದರೆ ಮಾತ್ರ ಅದು ಸತ್ತದ್ದು. ಲಕ್ಷದ್ವೀಪ 1998, 2010, 2016ರಲ್ಲಿ ಈ ಪೆಟ್ಟು ತಿಂದಿದೆ, 2024ರಲ್ಲಿ ಮತ್ತೊಮ್ಮೆ. ಹಾಗಾಗಿ ಜಾಹೀರಾತಿನ ಬಣ್ಣಗಳನ್ನು ನಿರೀಕ್ಷಿಸಿ ಹೋಗಬೇಡಿ.

ಹವಳದ ಮೇಲೆ ನಿಲ್ಲಬೇಡಿ. ಶಂಕುವಿನಾಕಾರದ ಚಂದದ ಚಿಪ್ಪನ್ನು ಕೈಯಲ್ಲಿ ಎತ್ತಬೇಡಿ. ಕೋನ್ ಬಸವನಹುಳು ಒಳಗಿದ್ದರೆ ಅದರ ಚುಚ್ಚು ಪ್ರಾಣ ತೆಗೆಯಬಲ್ಲದು.

ಪ್ರವೇಶ ಪರವಾನಗಿಗೆ ಈಗಲೇ ಅರ್ಜಿ ಹಾಕಿ. 1956ರವರೆಗೆ ಕಡಮತ್ ನಮ್ಮ ದಕ್ಷಿಣ ಕನ್ನಡ ಜಿಲ್ಲೆಯಲ್ಲೇ ಇತ್ತು, ಆದರೆ ಆ ನೆಂಟಸ್ತಿಕೆ ಈಗ ಅರ್ಜಿಗೆ ಸಹಾಯವಾಗದು! ನೀವು ಸ್ಕೂಬಾ (ಗಾಳಿಯ ಸಿಲಿಂಡರ್ ಕಟ್ಟಿಕೊಂಡು ಆಳಕ್ಕೆ ಮುಳುಗುವುದು) ಮಾಡುವುದಾದರೆ ಅದನ್ನು ಮೊದಲ ದಿನಗಳಿಗೇ ಇಟ್ಟುಕೊಳ್ಳಿ. ಹಲವು ಬಾರಿ ಮುಳುಗಿದ ಮೇಲೆ ವಿಮಾನ ನಿಲ್ದಾಣವಿರುವ ಅಗತ್ತಿ ದ್ವೀಪದಿಂದ ವಿಮಾನ ಹತ್ತುವ ಮುನ್ನ ಕನಿಷ್ಠ 18 ಗಂಟೆ ಬಿಡುವಿರಬೇಕು. ಹಡಗಿನಲ್ಲಿ ಮರಳುವುದಾದರೆ ಈ ಲೆಕ್ಕ ಬೇಕಿಲ್ಲ.