ಇರಾಕ್ ಯುದ್ಧಕ್ಕೆ ಅಮೆರಿಕ ಕಾರಣ ಬದಲಿಸುತ್ತಾ ಹೋದದ್ದರ ಬಗ್ಗೆ ವಿಡಂಬನೆ ನಾಟಕ ಬರೆಯುತ್ತಿದ್ದೇನೆ. ಆಗಿನ ಅಧ್ಯಕ್ಷ ಬುಷ್ ಪಾತ್ರಕ್ಕೆ ಇನ್ನಷ್ಟು ನಗು ತರುವುದು ಹೇಗೆ?

ತರಲೇಬೇಡಿ. ನಾನು ತಂದು ನಾಟಕವನ್ನೇ ಕೆಡಿಸಿದೆ.

2004ರಲ್ಲಿ ಧಾರವಾಡದಲ್ಲಿ ಡಿಗ್ರಿ ಓದುತ್ತಿದ್ದೆ. ಏಳು ಜನ ಸೇರಿ ಇದೇ ವಿಷಯದ ಬೀದಿನಾಟಕ ಕಟ್ಟಿ ಕಡಪಾ ಮೈದಾನದ ಹತ್ತಿರ ಆಡಿದೆವು. ಬುಷ್‌ಗೆ ದೊಡ್ಡ ಟೋಪಿ, ಆಟದ ಪಿಸ್ತೂಲು. "ತೈಲ ಬೇಕಾಗಿತ್ತು, ಅದಕ್ಕ ಬಂದೆ" ಅಂತ ಒಂದು ಮಾತನ್ನು ನಾನೇ ಬರೆದು ಅವನ ಬಾಯಿಗೆ ಹಾಕಿದ್ದೆ. ಜನ ಹೊಟ್ಟೆ ಹಿಡಿದು ನಕ್ಕರು.

ಮುಗಿದ ಮೇಲೆ ಹಿರಿಯರೊಬ್ಬರು ಬಂದರು. "ತಮ್ಮಾ, ಈ ಮಾತು ಅವರು ಖರೇನ ಅಂದಾರೇನು?" ಇಲ್ರೀ, ನಾನು ಬರೆದದ್ದು ಅಂದೆ. "ಹಂಗಾರ ನಾಟಕದಾಗ ತೋರಿಸಿದ ಆ ಸೀಸೆ? ಅದೂ ನೀನ ಬರದದ್ದು?"

ಸೀಸೆ ನಿಜ. 2003ರ ಫೆಬ್ರವರಿ 5ರಂದು ಅಮೆರಿಕದ ಆಗಿನ ವಿದೇಶಾಂಗ ಮಂತ್ರಿ ಕಾಲಿನ್ ಪೊವೆಲ್ ವಿಶ್ವಸಂಸ್ಥೆಯ ಭದ್ರತಾ ಮಂಡಳಿಯಲ್ಲಿ ಪುಟ್ಟ ಸೀಸೆ ಎತ್ತಿ ಹಿಡಿದು ಆಂಥ್ರಾಕ್ಸ್ ಎಂಬ ಮಾರಕ ರೋಗಾಣು ಎಂಥ ಅಪಾಯ ಅಂತ ವಿವರಿಸಿದ್ದರು. ಎಷ್ಟು ಹೇಳಿದರೂ ಹಿರಿಯರು ನಂಬಲಿಲ್ಲ. ಯಾಕೆ ನಂಬಬೇಕು? ಒಂದು ಮಾತು ನನ್ನದು ಅಂತ ಗೊತ್ತಾದ ಕೂಡಲೇ ಉಳಿದದ್ದೆಲ್ಲ ನನ್ನದೇ ಆಗಿಬಿಟ್ಟಿತು. ತಿಂಗಳುಗಟ್ಟಲೆ ಹಳೇ ಪೇಪರ್ ಹುಡುಕಿ ದಿನಾಂಕ ಬರೆದಿಟ್ಟಿದ್ದೆ. ಒಂದು ಚಪ್ಪಾಳೆಯ ಆಸೆಗೆ ಅಷ್ಟನ್ನೂ ನಾನೇ ಕಳೆದುಕೊಂಡೆ. ಆ ಮಾತು ಇಲ್ಲದಿದ್ದರೂ ನಾಟಕ ನಿಲ್ಲುತ್ತಿತ್ತು, ಅದು ಇವತ್ತಿಗೂ ಚುಚ್ಚುತ್ತದೆ.

ಬುಷ್ ಅವರ ಮಾತುಗಳೇ ಸಾಕು, ಕ್ರಮವಾಗಿ ಇಡಿ. 2003ರ ಜನವರಿ ಭಾಷಣದಲ್ಲಿ ಇರಾಕಿನ ಅಧ್ಯಕ್ಷ ಸದ್ದಾಂ ಆಫ್ರಿಕಾದಿಂದ ಅಣುಬಾಂಬಿಗೆ ಬೇಕಾದ ಯುರೇನಿಯಂ ತರಲು ನೋಡಿದ ಅಂದರು. ಜುಲೈನಲ್ಲಿ ಆ ವಾಕ್ಯ ಇರಬಾರದಿತ್ತು ಅಂತ ಅವರದೇ ಕಚೇರಿ ಒಪ್ಪಿತು. ನವೆಂಬರ್ ಹೊತ್ತಿಗೆ ಮಾತು ಇರಾಕಿಗೆ ಪ್ರಜಾಪ್ರಭುತ್ವ ತರುವ ಕಡೆ ತಿರುಗಿತ್ತು. 2004ರ ಜನವರಿಯಲ್ಲಿ ಇರಾಕಿನಲ್ಲಿವೆ ಅಂದಿದ್ದ ಸಾಮೂಹಿಕ ವಿನಾಶದ 'ಅಸ್ತ್ರಗಳು' ಹೋಗಿ 'ಅಸ್ತ್ರಗಳಿಗೆ ಸಂಬಂಧಿಸಿದ ಕಾರ್ಯಕ್ರಮಗಳ ಚಟುವಟಿಕೆ' ಬಂತು. ಇದಕ್ಕೆ ನಾವು ಏನು ಸೇರಿಸಬೇಕು ಹೇಳಿ?

ಇನ್ನೊಂದು. ನಗಿಸುವ ಬುಷ್, ಸ್ವತಃ ಬುಷ್‌ಗೇ ಬೇಕಾಗಿದ್ದ ಬುಷ್. 2004ರ ಮಾರ್ಚ್‌ನಲ್ಲಿ ಪತ್ರಕರ್ತರ ಔತಣದಲ್ಲಿ ಅವರು ತಮ್ಮ ಕಚೇರಿಯ ಮೇಜು ಕುರ್ಚಿಗಳ ಕೆಳಗೆ ಹುಡುಕುವ ಫೋಟೋ ತೋರಿಸಿ, ಆ ಅಸ್ತ್ರಗಳು ಇಲ್ಲೇ ಎಲ್ಲೋ ಇರಬೇಕು ಅಂತ ತಮಾಷೆ ಮಾಡಿದರು. ಸಭೆ ನಕ್ಕಿತು. ಆಗಲೇ ಅಮೆರಿಕದ ಸೈನಿಕರೇ 500ಕ್ಕಿಂತ ಜಾಸ್ತಿ ಸತ್ತಿದ್ದರು. ಇರಾಕಿನಲ್ಲಿ ಸತ್ತ ಸಾಮಾನ್ಯ ಜನ ಸಾವಿರಾರು. ಕೋಡಂಗಿಯನ್ನು ಜನ ಕ್ಷಮಿಸಿಬಿಡುತ್ತಾರೆ.

ಟೋಪಿ ತೆಗೆಯಿರಿ. ಒಂದು ಕಪ್ಪು ಹಲಗೆ ಇಟ್ಟು ಪ್ರತಿ ಮಾತಿಗೂ ದಿನಾಂಕ ಬರೆಯಿರಿ. ಔತಣದ ದೃಶ್ಯ ಕೊನೆಗಿರಲಿ, ನಗುವ ಸದ್ದು ಮಾತ್ರ ಕೇಳಿಸಲಿ.